ಕಾಶವ್ವನ ಮನೆಯ ಎದುರುನೋಡಿ

ನಾಳೆ ಬುಡಕ್ಕೆ ಬೀಳುವ ನೀರು ಒಂದು ಗಿಡಕ್ಕೆ ಇವತ್ತೇ ಗೊತ್ತಾಗುವುದಾದರೆ? ಬೇರೆಯವರಿಗೆ ಇದು ಹೊತ್ತು ಕಳೆಯುವ ಹರಟೆ ಅನ್ನಿಸಬಹುದು. ಹೊಸ ಕುಂದಗೋಳದಲ್ಲಿ ಹುಟ್ಟಿ ಬೆಳೆದ ನನ್ನಂಥವರಿಗೆ ಅದು ಹೊಸ್ತಿಲ ಬಳಿ ದಿನಾ ಕಾಣುವ ಸಂಗತಿ. ಕಂಡ ಮಾತ್ರಕ್ಕೆ ಅರ್ಥವಾಗಿದೆ ಎಂದು ತಿಳಿಯಬೇಡಿ. ನಾನೂ ಹಾಗೆ ತಿಳಿದುಕೊಂಡಿದ್ದೆ, ನನ್ನ ತಂಗಿಯ ಗಂಡ ಅಡಿವೆಪ್ಪ ಮಸಕಿನಲ್ಲಿ ಸಿಕ್ಕಿಕೊಳ್ಳುವ ತನಕ.

ನಮ್ಮ ಮುತ್ತಜ್ಜಂದಿರು ಭೂಮಿ ಬಿಟ್ಟು ಈ ನೆಲಕ್ಕೆ ಬರುವಾಗ ಊರಿನ ಹೆಸರು, ಜೋಳದ ಬೀಜ, ಜಗಳ ಕಾಯುವ ಚಟ ಇಷ್ಟನ್ನೂ ಜೊತೆಗೇ ತಂದರು. ಇಲ್ಲಿ ಗಾಳಿ ತೆಳು. ಊರೆಲ್ಲ ಗಾಜಿನ ಚಪ್ಪರದ ಕೆಳಗೆ ಇದೆ. ಹೊರಗೆ ಕಾಲಿಡಬೇಕಾದರೆ ಮುಖಕ್ಕೆ ಮುಖವಾಡ, ಬೆನ್ನಿಗೆ ಗಾಳಿಯ ಸಿಲಿಂಡರು. ನೀರು ಬೇಕೆಂದರೆ ಬಡಗಣ ಬಯಲಿಗೆ ಗಾಡಿ ಹೊಡೆದುಕೊಂಡು ಹೋಗಿ ಹಿಮದ ಗಡ್ಡೆ ಕಡಿದು ತರಬೇಕು. ಆ ಬಯಲಿನಲ್ಲಿ ಆಗಾಗ ಮಸಕು ಏಳುತ್ತದೆ. ಜರಡಿ ಹಿಡಿದ ಹಿಟ್ಟಿನಂಥ ಕೆಂಪು ಧೂಳು ಅದು, ಒಮ್ಮೆ ಎದ್ದರೆ ಬೇಗ ಇಳಿಯುವುದಿಲ್ಲ, ಅದರೊಳಗೆ ರೇಡಿಯೊ ಮೂಕಾಗುತ್ತದೆ. ನಾನು ಆ ರೇಡಿಯೊ ಕೋಣೆಯಲ್ಲಿ ಕೆಲಸ ಮಾಡುವವನು. ಅಂದರೆ ಮಸಕು ಎದ್ದಾಗ ಕಿವಿಗೆ ಯಂತ್ರ ಹಾಕಿಕೊಂಡು ಸುಮ್ಮನೆ ಕೂಡುವವನು.

ಎದುರುನೋಡಿ ಗಿಡ ನಮಗಿಂತ ಮೊದಲೇ ಇಲ್ಲಿತ್ತು. ನೀರಿಲ್ಲದಾಗ ಅದು ಎಲೆಗಳನ್ನೆಲ್ಲ ಒಳಗೆ ಎಳೆದುಕೊಂಡು ಮುಷ್ಟಿಯಂತೆ ಮುದುರಿ ಕೂಡುತ್ತದೆ. ನೀರು ಸಿಗುವ ಹಿಂದಿನ ದಿನವೇ ಬಿಚ್ಚಿಕೊಂಡು ಅರಳುತ್ತದೆ. ಇಲ್ಲಿ ಮಳೆ ಬರುವುದೇ ಅಪರೂಪ, ಬಂದರೂ ನೆಲ ನೆನೆಯುವಷ್ಟರಲ್ಲಿ ಮುಗಿದುಹೋಗುತ್ತದೆ. ಮಳೆ ಬಿದ್ದ ಮೇಲೆ ಎದ್ದ ಗಿಡಗಳು ಸತ್ತವು, ಬೀಳುವ ಮೊದಲೇ ಎದ್ದವು ಉಳಿದವು ಎಂದು ನಮ್ಮ ಸಸ್ಯವಿಜ್ಞಾನಿ ಡಾಕ್ಟರ್ ರಾಜೇಸಾಬ ನದಾಫರು ಹೇಳುತ್ತಾರೆ. ಅದರ ಬೇರಿನ ಗಂಟುಗಳಲ್ಲಿ ಬೂದಿ ಬಣ್ಣದ ಒಂದು ಹರಳು ಇದೆಯಂತೆ. ಆ ಹರಳಿನೊಳಗೆ ಕಾಲ ಬಿಗಿಯಾಗಿಲ್ಲವಂತೆ, ಹುರಿ ಸಡಿಲಾದ ಹೊರಸುಮಂಚದ ಹಾಗೆ ಒಂದು ದಿನದಷ್ಟು ಜೋತುಬಿದ್ದಿದೆಯಂತೆ. ನಾಳೆ ನಡೆಯಬೇಕಾದ ರಾಸಾಯನಿಕ ಕ್ರಿಯೆ ಅಲ್ಲಿ ಇವತ್ತೇ ನಡೆದುಬಿಡುತ್ತದೆ. ಹೇಗೆ ಎಂದು ಕೇಳಿದರೆ ನದಾಫರು ಕನ್ನಡಕ ಒರೆಸಿಕೊಳ್ಳುತ್ತಾರೆ.

ನಮ್ಮ ಹಿರಿಯರಿಗೆ ಹರಳಿನ ಗೊಡವೆ ಬೇಕಿರಲಿಲ್ಲ. ಅವರು ಒಂದು ಪದ್ಧತಿ ಮಾಡಿದರು. ಊರಿನ ಪ್ರತಿಯೊಬ್ಬರಿಗೂ ಹೊಸ್ತಿಲ ಪಕ್ಕ ಒಂದು ಎದುರುನೋಡಿ. ಅದಕ್ಕೆ ನೀರು ಹಾಕುವುದು ಅವರ ಕೈ ಮಾತ್ರ. ಬಯಲಿಗೆ ಹೋಗುವವನು ಗಿಡಕ್ಕೆ ಒಂದು ತಂಬಿಗೆ ನೀರು ಹಾಕಿ ಹೊರಡುತ್ತಾನೆ. ಆತ ಹೋದ ಮೇಲೆ ಗಿಡ ಮುದುರಿಕೊಳ್ಳುತ್ತದೆ. ಅದು ಅರಳಿತೆಂದರೆ ನಾಳೆ ಆ ಕೈ ಬಂದು ನೀರು ಹಾಕುತ್ತದೆ ಎಂದರ್ಥ. ಹೆಂಡಂದಿರು ಕಡಲೆಬೇಳೆ ನೆನೆಹಾಕಿ ಹೋಳಿಗೆಗೆ ತಯಾರಾಗುತ್ತಾರೆ. ಸತ್ತವರ ಗಿಡವನ್ನು ಮುದುರಿದ ಹಾಗೆಯೇ ಒಣಗಲು ಬಿಡುತ್ತೇವೆ. ಇನ್ನೊಬ್ಬರ ಗಿಡಕ್ಕೆ ನೀರು ಹಾಕುವುದೆಂದರೆ ಬದುಕಿದ್ದವರ ತಿಥಿ ಮಾಡಿದ ಹಾಗೆ. ತಿಳಿಯದ ಕೂಸು ಕೂಡ ಆ ತಪ್ಪು ಮಾಡುವುದಿಲ್ಲ.

ಇದರ ಮೇಲೆ ರೇಡಿಯೊ ಕೋಣೆಗೂ ಒಂದು ನಿಯಮ ಹುಟ್ಟಿಕೊಂಡಿತು. ಹಿಂದೊಮ್ಮೆ ಮಸಕಿನಲ್ಲಿ ಸಿಕ್ಕವನನ್ನು ಹುಡುಕಲು ಹೋದ ಗಾಡಿಯವರೂ ಮರಳಲಿಲ್ಲ. ಅವರ ಗಿಡಗಳೂ ಅರಳಿರಲಿಲ್ಲ. ಅಲ್ಲಿಂದ ಮುಂದೆ ಹೀಗೆ: ಗಿಡ ಅರಳಿದರೆ ಹೋದವನು ತಾನೇ ಬರುತ್ತಾನೆ, ಗಾಡಿ ಕಳಿಸುವ ಅಗತ್ಯವಿಲ್ಲ. ಅರಳದಿದ್ದರೆ ಏನು ಮಾಡಿದರೂ ಬರುವುದಿಲ್ಲ, ಗಾಡಿ ಕಳಿಸಿ ಪ್ರಯೋಜನವಿಲ್ಲ. ಎಷ್ಟು ಚೊಕ್ಕ ನೋಡಿ! ಹೀಗಾಗಿ ನಮ್ಮ ಹೊಸ ರಕ್ಷಣಾ ಗಾಡಿ ಶೆಡ್ಡಿನಲ್ಲೇ ನಿಂತಿತ್ತು. ಪ್ರತಿ ಆಯುಧಪೂಜೆಗೆ ಅದಕ್ಕೆ ಚೆಂಡು ಹೂವಿನ ಮಾಲೆ ಹಾಕಿ, ಗಾಲಿ ಕೆಳಗೆ ನಿಂಬೆಹಣ್ಣು ಇಟ್ಟು, ಸ್ವಲ್ಪ ಮುಂದೆ ಬಿಟ್ಟು ಮತ್ತೆ ಹಿಂದೆ ತರುತ್ತಿದ್ದೆವು. ಹುಟ್ಟಿದಾಗಿನಿಂದ ಅದು ಮಾಡಿದ ಪ್ರಯಾಣ ಅಷ್ಟೇ. ಅದರಲ್ಲಿ ನಗುವಂಥದ್ದೇನೋ ಇದೆ ಎಂದು ಯಾರಿಗೂ ಅನ್ನಿಸಿರಲಿಲ್ಲ. ನನಗೂ ಅನ್ನಿಸಿರಲಿಲ್ಲ.

ಅಡಿವೆಪ್ಪ ಹಿಮ ತರಲು ಒಬ್ಬನೇ ಹೋಗಿದ್ದ. ಜೊತೆಗಾರನಿಗೆ ಜ್ವರ ಬಂದಿತ್ತು, ಈತನಿಗೆ ಗಡಿಬಿಡಿ. ಅದೇ ಸಂಜೆ ಮಸಕು ಎದ್ದಿತು. ಬರಬೇಕಾದ ದಿನ ಬರಲಿಲ್ಲ, ಮರುದಿನವೂ ಬರಲಿಲ್ಲ. ಅವನಲ್ಲಿದ್ದ ಗಾಳಿಯ ಲೆಕ್ಕ ನನಗೆ ಗೊತ್ತಿತ್ತು. ಜಿಪುಣತನದಿಂದ ಉಸಿರಾಡಿದರೂ ಇನ್ನೆರಡು ದಿನ. ರೇಡಿಯೊದಲ್ಲಿ ಬರೀ ಎಣ್ಣೆಯಲ್ಲಿ ಹಪ್ಪಳ ಬಿಟ್ಟ ಸದ್ದು.

ನಮ್ಮ ರೇಡಿಯೊ ಕೋಣೆಯ ಮುಖ್ಯಸ್ಥರು ಸಂಕನಗೌಡರು. ಕೆಟ್ಟವರಲ್ಲ. ಹಿಂದೆ ಮರಳದೆ ಹೋದ ಗಾಡಿಯಲ್ಲಿ ಅವರ ಅಣ್ಣನೂ ಇದ್ದ.

"ಚನ್ನವೀರಪ್ಪಾ, ಗಿಡ ನೋಡಿದ್ಯಾ?" ಎಂದು ಕೇಳಿದರು.

"ಅರಳಿಲ್ರಿ ಗೌಡ್ರ."

ಅವರು ಕಿಟಕಿಯ ಕಡೆ ಮುಖ ತಿರುಗಿಸಿದರು. "ನಿನ್ನ ತಂಗಿಗೆ ನೀನ ಹೇಳು. ನನ್ನ ಕೈಲಿ ಆಗಂಗಿಲ್ಲ."

"ಗಾಡಿ ಕಳಿಸೂಣ್ರಿ."

"ಕಳಿಸಿದ್ರ ಬರ್ತಾನ ಅಂದ್ರ ಗಿಡ ಇಷ್ಟೊತ್ತಿಗೆ ಅರಳಬೇಕಿತ್ತಲ್ಲೋ. ಬರದವನ ಸಲುವಾಗಿ ಇನ್ನಿಬ್ಬರನ್ನ ಕಳ್ಕೊಳ್ಳೂದ್ ಬ್ಯಾಡ."

ಎಲ್ಲೋ ಏನೋ ತಪ್ಪಿದೆ ಎಂದು ನನಗೆ ಅನ್ನಿಸುತ್ತಿತ್ತು. ಲೆಕ್ಕ ಸರಿ ಇದ್ದೂ ಉತ್ತರ ತಪ್ಪು ಬಂದಾಗ ಆಗುತ್ತದಲ್ಲ, ಆ ಥರ. ನದಾಫರನ್ನು ಕರೆದುಕೊಂಡು ತಂಗಿ ಕಾಶವ್ವನ ಮನೆಗೆ ಹೋದೆ.

ಕಾಶವ್ವ ಹೊಸ್ತಿಲ ಮೇಲೆ ಕೂತಿದ್ದಳು. ಎದುರಿಗೆ ಕುಂಡದಲ್ಲಿ ಅಡಿವೆಪ್ಪನ ಗಿಡ ಬಿಗಿದ ಮುಷ್ಟಿಯಂತೆ ಇತ್ತು. ಪಕ್ಕದ ಮನೆಯ ದ್ಯಾಮವ್ವ ಅವಳ ಬೆನ್ನು ಸವರುತ್ತಿದ್ದಳು. ದ್ಯಾಮವ್ವನ ಒಬ್ಬನೇ ಮಗ ಮುದಕಪ್ಪನೂ ಹೀಗೆಯೇ ಬಯಲಿಗೆ ಹೋಗಿ ಉಳಿದವನು. ಅವನ ಗಿಡ ಅರಳಲಿಲ್ಲ, ಗಾಡಿ ಹೋಗಲಿಲ್ಲ.

"ಗಿಡ ಸುಳ್ಳ ಹೇಳೂದಿಲ್ಲ ಬೇ ಕಾಶವ್ವಾ," ಎನ್ನುತ್ತಿದ್ದಳು ಮುದುಕಿ. "ಅಳೂದಿದ್ರ ಅತ್ತ ಬಿಡು. ನಾನೂ ಅತ್ತು ಮುಗಿಸಿದ ಮ್ಯಾಲ ಸ್ವಲ್ಪ ಸಮಾಧಾನ ಆತು. ಏನ್ ಮಾಡಿದ್ರೂ ಬರ್ತಿದ್ದಿಲ್ಲ ಅಂವ."

ಕಾಶವ್ವ ಅಳಲಿಲ್ಲ. ಚಿಕ್ಕಂದಿನಿಂದಲೂ ಅವಳು ಹಾಗೆ, ಮೊದಲು ಪ್ರಶ್ನೆ, ಆಮೇಲೆ ಅಳು. ನದಾಫರ ಕಡೆ ತಿರುಗಿದಳು.

"ಸರ್, ಒಂದು ಮಾತು ಕೇಳ್ತೀನಿ, ಸಿಟ್ಟಾಗಬ್ಯಾಡ್ರಿ. ಗಿಡ ಅರಳಿಲ್ಲ ಅಂತ ನೀವು ಗಾಡಿ ಕಳಸವಲ್ರಿ. ಗಾಡಿ ಹೋಗವಲ್ದು ಅಂತ ಅಂವ ಬರವಲ್ಲ. ಅಂವ ಬರವಲ್ಲ ಅಂತ ಗಿಡ ಅರಳವಲ್ದು. ಇದರಾಗ ಮೊದಲ ಯಾವ್ದು?"

ನದಾಫರು ಕನ್ನಡಕ ತೆಗೆದರು. ಒರೆಸಿದರು. ಹಾಕಿಕೊಂಡು ಮತ್ತೆ ತೆಗೆದರು.

"ಯಾವ್ದೂ ಮೊದಲ ಅಲ್ಲವ್ವಾ. ದುಂಡಗ ಐತಿ ಅದು."

"ದುಂಡಗ ಇದ್ರ ಎಲ್ಲಾದ್ರೂ ಒಂದ್ಕಡೆ ಕತ್ತರಿಸಬೇಕಲ್ರಿ."

"ಹೆಂಗ ಕತ್ತರಿಸ್ತಿ? ಇವತ್ತ ಗಾಡಿ ಕಳಿಸಿ ನಾಳೆ ಅಂವ ಸಿಗೂದು ಖರೆ ಇದ್ರ ಗಿಡ ಇಷ್ಟೊತ್ತಿಗೆ ಅರಳ್ತಿತ್ತು. ಅರಳಿಲ್ಲ. ಅಂದ್ರ ಕಳಿಸಿದ್ರೂ ಸಿಗೂದಿಲ್ಲ ಅಂತನೂ ಇರಬಹುದು, ನಾವು ಕಳಸೂದಿಲ್ಲ ಅಂತನೂ ಇರಬಹುದು. ಗಿಡದ ಮಾರಿ ನೋಡಿದ್ರ ಎರಡೂ ಒಂದ ಕಾಣ್ತಾವು."

ನನ್ನ ತಲೆ ಗಿರ್ ಎಂದಿತು. ವಿಜ್ಞಾನಿಗಳು ಸಮಾಧಾನ ಹೇಳಲು ಹೊರಟರೆ ಹೀಗೆಯೇ. ಕಾಶವ್ವ ಗಿಡದ ಕಡೆ ತಿರುಗಿ ಕೂತಳು. ನಾವು ಎದ್ದು ಬಂದೆವು.

ಮರುದಿನ ಬೆಳಿಗ್ಗೆ ಓಣಿಯಲ್ಲಿ ಕೂಗು ಕೇಳಿಸಿತು. ಅಡಿವೆಪ್ಪನ ಗಿಡ ಅರಳಿತ್ತು!

ಓಡಿಹೋಗಿ ನಾನೇ ಕಣ್ಣಾರೆ ನೋಡಿದೆ. ಎಲೆಗಳು ಅಂಗೈ ಅಗಲ ಬಿಚ್ಚಿಕೊಂಡಿದ್ದವು, ನಡುವೆ ತಿಳಿ ಹಳದಿಯ ಹೂವು ಕೂಡ ಇತ್ತು. ಓಣಿಯ ಹೆಂಗಸರು ಬೆಲ್ಲ ಹಂಚಿದರು. ದ್ಯಾಮವ್ವ ಕಾಶವ್ವನ ಗಲ್ಲ ಹಿಡಿದು ನೆಟಿಕೆ ಮುರಿದಳು. ನನಗೆ ಸಂತೋಷದಲ್ಲಿ ಕಣ್ಣು ತುಂಬಿ ಬಂದವು. ಕಾಶವ್ವ ಮಾತ್ರ ಗೋಡೆಗೆ ಒರಗಿ ನಿಂತಿದ್ದಳು. ಬೇಳೆ ನೆನೆಹಾಕಿರಲಿಲ್ಲ.

ನಾನು ರೇಡಿಯೊ ಕೋಣೆಗೆ ಬಂದಾಗ ಸಂಕನಗೌಡರು ಮಸಕು ಎದ್ದ ಮೇಲೆ ಮೊದಲ ಸಲ ಚಹಾ ತರಿಸಿ ಕುಡಿಯುತ್ತಿದ್ದರು. "ನಾಳೆ ಬರ್ತಾನ ನೋಡು. ಗಾಡಿ ಕಳಿಸಿದ್ರ ಅದೆಂಥ ಅಪಶಕುನ ಆಗ್ತಿತ್ತೋ!" ಎಂದರು. ಗಾಡಿ ಕಳಿಸಲಿಲ್ಲವೆಂಬುದೇ ದೊಡ್ಡ ಉಪಕಾರವೆಂಬಂತೆ ನದಾಫರೂ ತಲೆ ಆಡಿಸಿದರು. ಆಗ ಕಾಶವ್ವ ಒಳಗೆ ಬಂದಳು. ತಲೆಯ ಮೇಲಿನ ಸೆರಗು ಸರಿಮಾಡಿಕೊಂಡಳು.

"ಗೌಡ್ರ, ಅದು ಅವನ ನೀರಿಗೆ ಅರಳಿದ್ದಲ್ರಿ."

"ಏನಂದಿ?"

"ನಿನ್ನಿ ಸಂಜಿಗೆ ನಾ ಒಂದು ನಿರ್ಧಾರ ಮಾಡಿದೆ. ಅವನ ಗಾಳಿ ತೀರೂದು ನಾಳೆ ಅಂತ ಅಣ್ಣ ಹೇಳಿದ್ದ. ನಾಳೆ ತನಕ ದಾರಿ ನೋಡೂದು. ಬರಲಿಲ್ಲ ಅಂದ್ರ ಗಿಡಕ್ಕ ನಾನ ನೀರು ಹಾಕೂದು. ಅಂವಂತೂ ಹೋದ, ಅಂವ ಸಾಕಿದ ಗಿಡ ಯಾಕ ನೀರಡಿಸಿ ಸಾಯಬೇಕು ಅಂತ. ಹಂಗ ಅನ್ಕೊಂಡು ಮಕ್ಕೊಂಡೆ. ಬೆಳಿಗ್ಗೆ ಎದ್ದು ನೋಡಿದ್ರ ಅರಳೈತಿ."

ಗೌಡರ ಕೈಯಲ್ಲಿದ್ದ ಕಪ್ಪು ಬಾಯಿಯ ಹತ್ತಿರ ಹೋಗಿ ಅಲ್ಲಿಯೇ ನಿಂತಿತು.

"ಛೀ ಛೀ, ಬೇರೆಯವರ ಗಿಡಕ್ಕ! ಅಂಥಾದ್ದು ಯಾರೂ ಮಾಡೂದಿಲ್ಲ. ಮಾಡಿದ್ರೂ ಅದು ಅರಳಂಗಿಲ್ಲ. ಗಿಡಕ್ಕ ಕೈ ಗೊತ್ತೈತಿ. ಹೌದಿಲ್ಲೋ ಡಾಕ್ಟರ?"

ನದಾಫರ ಮುಖದ ಬಣ್ಣ ಇಳಿಯುತ್ತ ಹೋದುದನ್ನು ನಾನು ನೋಡಿದೆ.

"ಗೊತ್ತಿಲ್ರಿ," ಎಂದರು ಕೊನೆಗೆ. "ಯಾರೂ ಹಾಕಿ ನೋಡಿಲ್ಲ. ನನ್ನ ಪ್ರಯೋಗಾಲಯದಾಗ ಸೈತ ಒಬ್ಬೊಬ್ಬರಿಗೆ ಒಂದೊಂದು ಕುಂಡ ಕೊಟ್ಟೀನಿ. ನನ್ನ ಕುಂಡಕ್ಕ ಇನ್ನೊಬ್ಬರ ಕೈಲೆ ನೀರು ಹಾಕಸೂದು ಅಂದ್ರ... ನನಗ ಆ ವಿಚಾರನ ಬಂದಿಲ್ಲ. ನಾನೂ ಇದ ಊರಾಗ ಹುಟ್ಟಿದವ್ನಲ್ರಿ."

ಹರಳು, ಬೇರು, ಸಡಿಲಾದ ಕಾಲ ಎಲ್ಲವನ್ನೂ ಅಳೆದಿದ್ದರು. ಆದರೆ ಗಿಡ ಕೈಯನ್ನು ಗುರುತಿಸುತ್ತದೆಯೋ ಬರೀ ನೀರನ್ನೋ ಎಂದು ನೋಡಿರಲಿಲ್ಲ. ನೋಡುವುದೇ ಅಶುಭವಾಗಿತ್ತು.

ಗೌಡರು ಕಪ್ಪು ಕೆಳಗಿಟ್ಟರು. "ಹಂಗಾದ್ರ ನೀ ಹಾಕಬ್ಯಾಡ ತಂಗಿ. ಅಷ್ಟ ಆತಲ್ಲ. ನೀ ಹಾಕೂದಿಲ್ಲ ಅಂದ ಮ್ಯಾಲ ಅರಳಿದ್ದು ಅವನಿಗೇ."

"ಹಾಕೂದಿಲ್ಲ ಅಂತ ಆಣೆ ಮಾಡ್ಲೇನ್ರಿ ಈಗ?" ಕಾಶವ್ವ ಮೇಜಿನ ಹತ್ತಿರ ಬಂದಳು. "ಮಾಡ್ತೀನಿ. ಆಣೆ ಮಾಡಿದ ಕೂಡ್ಲೆ ಗಿಡ ಮುದುರಿಕೊಂಡ್ರ ಏನ್ ಮಾಡ್ತೀರಿ?"

ಗೌಡರು ನದಾಫರ ಮುಖ ನೋಡಿದರು, ನದಾಫರು ನನ್ನ ಮುಖ ನೋಡಿದರು.

"ನಾ ಆಣೆ ಮಾಡೂದಿಲ್ಲ. ಹಾಕೇ ಹಾಕ್ತೀನಿ," ಎಂದಳು ಅವಳು. "ಅಂವ ಬಂದ್ರ ಅಂವ ಹಾಕ್ತಾನ. ಬರಲಿಲ್ಲ ಅಂದ್ರ ನಾ ಹಾಕ್ತೀನಿ. ಹೆಂಗಾದ್ರೂ ನಾಳೆ ನೀರು ಬೀಳೂದು ಖರೆ. ಅದಕ್ಕ ಅರಳೈತಿ. ಇನ್ನ ಅದನ್ನ ನೋಡಿ ಏನೂ ತಿಳೀದಿಲ್ರಿ. ಅರಳಿದ್ರ ಗಾಡಿ ಬ್ಯಾಡ, ಅರಳದಿದ್ರ ಗಾಡಿ ಬ್ಯಾಡ ಅಂತೀರಿ. ಗಿಡ ಏನೂ ಹೇಳದಿದ್ರ ನಿಮ್ಮ ನಿಯಮ ಏನಂತೈತಿ?"

ನಿಯಮ ಏನೂ ಅನ್ನುತ್ತಿರಲಿಲ್ಲ. ಅಂಥ ದಿನವೊಂದು ಬರುತ್ತದೆಂದು ಹಿರಿಯರಿಗೆ ಗೊತ್ತಿರಲಿಲ್ಲ. ಗೌಡರು ಎದ್ದು ನಿಂತರು, ಮತ್ತೆ ಕೂತರು. ಅಣ್ಣನ ನೆನಪಾಗಿರಬೇಕು. ಅವರ ಕಣ್ಣಲ್ಲಿದ್ದದ್ದು ಸಿಟ್ಟಲ್ಲ, ಹೆದರಿಕೆ. ಇಷ್ಟು ವರ್ಷ ಗಿಡದ ಮೇಲೆ ಹಾಕಿದ್ದ ಭಾರವೆಲ್ಲ ಒಮ್ಮೆಲೇ ಅವರ ಹೆಗಲಿಗೆ ಬಂದಿತ್ತು.

"ಹೋದವರು ತಿರುಗಿ ಬರಲಿಲ್ಲ ಅಂದ್ರ?" ಎಂದು ಮೆಲ್ಲಗೆ ಕೇಳಿದರು.

"ಅದು ಗೊತ್ತಿಲ್ಲ," ಎಂದರು ನದಾಫರು. "ಆದ್ರ ಗಾಡಿ ನಾ ಹೊಡೀತೀನಿ."

ನಾನು ಏನೂ ಅನ್ನದೆ ಉಳಿಯಬೇಕೆಂದಿದ್ದೆ. ಆದರೆ ಕಾಶವ್ವ ನನ್ನನ್ನೇ ನೋಡುತ್ತಿದ್ದಳು. ಗೌಡರು ಕೀಲಿಕೈ ಮೇಜಿನ ಮೇಲಿಟ್ಟರು. ನಾನು ಅದನ್ನು ಎತ್ತಿಕೊಂಡೆ.

ಹೊರಡುವ ಮೊದಲು ನನ್ನ ಗಿಡಕ್ಕೆ ನಾನೇ ನೀರು ಹಾಕಿದೆ. ಅದರ ಮೇಲೆ ಬುಟ್ಟಿ ಮುಚ್ಚಿಡು ಎಂದು ಹೆಂಡತಿಗೆ ಹೇಳಿದೆ. ನಾನು ಹೋದ ಮೇಲೆ ಅದು ಮುದುರುತ್ತದೋ ಅರಳಿಯೇ ಇರುತ್ತದೋ, ನನಗೂ ತಿಳಿಯುವುದು ಬೇಡ, ಅವಳಿಗೂ ಬೇಡ. ಅವಳು ಬುಟ್ಟಿ ತಂದಳು. ನಮ್ಮೂರಿನಲ್ಲಿ ಹಾಗೆ ಯಾವ ಗಿಡವನ್ನೂ ಮುಚ್ಚಿದ್ದು ನಾನು ಕೇಳಿರಲಿಲ್ಲ.

ರಕ್ಷಣಾ ಗಾಡಿಯೊಳಗೆ ಕುಂಕುಮದ, ಒಣಗಿದ ನಿಂಬೆಹಣ್ಣಿನ ವಾಸನೆ. ಅದನ್ನು ಹಿಂದೆ ಮುಂದೆ ಸರಿಸಿದ್ದು ಬಿಟ್ಟರೆ ಓಡಿಸಿದವರು ಯಾರೂ ಇರಲಿಲ್ಲ. ಚಪ್ಪರದ ಬಾಗಿಲು ದಾಟಿದ್ದೇ ತಡ, ಕೆಂಪು ಹಿಟ್ಟು ಗಾಜಿಗೆ ಬಡಿಯಿತು. ಬಯಲಿನ ಉದ್ದಕ್ಕೂ ಕಬ್ಬಿಣದ ಕಂಬ ನೆಟ್ಟಿದ್ದಾರೆ. ಒಂದು ಕಂಬ ಮುಟ್ಟಿ, ಮುಂದಿನದು ಕಾಣುವ ತನಕ ಕಾದು, ತೆವಳುತ್ತ ಹೋದೆವು. ದಾರಿಯುದ್ದಕ್ಕೂ ನದಾಫರು ಒಬ್ಬರೇ ವಾದ ಮಾಡಿಕೊಳ್ಳುತ್ತಿದ್ದರು. ನಾವು ಹೊರಟದ್ದು ಗಿಡ ಅರಳಿದ್ದರಿಂದ. ಗಿಡ ಅರಳಿದ್ದು ನಾವು ಹೊರಟದ್ದರಿಂದಲೇ ಇರಬಹುದು. ಹಾಗಿದ್ದರೆ ಇಷ್ಟಕ್ಕೆಲ್ಲ ಶುರು ಎಲ್ಲಿ? "ಕಂಬ ನೋಡ್ರಿ ಸರ್, ಕಂಬ," ಎನ್ನುತ್ತಿದ್ದೆ ನಾನು.

ದಾರಿ ಮುಗಿಯುವ ಹೊತ್ತಿಗೆ ರಾತ್ರಿ ಕಳೆದು ಬೆಳಕಾಗಿತ್ತು. ಕಂಬಗಳ ಸಾಲಿನಿಂದ ತುಸು ದೂರದಲ್ಲಿ ಅವನ ಗಾಡಿ ಒಂದು ಬಿರುಕಿಗೆ ಗಾಲಿ ಇಳಿಸಿಕೊಂಡು ವಾಲಿತ್ತು. ಅಡಿವೆಪ್ಪ ಹಿಮದ ಗಡ್ಡೆಗೆ ಒರಗಿ ಕೂತಿದ್ದ. ನಾನು ಅವನ ಹಳೆಯ ಸಿಲಿಂಡರು ತೆಗೆದು ಹೊಸದು ಸಿಕ್ಕಿಸಿದೆ. ಸ್ವಲ್ಪ ಹೊತ್ತಿಗೆ ಕಣ್ಣು ಬಿಟ್ಟ.

"ಗಿಡ ಅರಳೈತೇನು?"

"ಅರಳೈತಿ."

ಅವನು ನಮ್ಮಿಬ್ಬರನ್ನೂ ಹುಚ್ಚರನ್ನು ನೋಡುವ ಹಾಗೆ ನೋಡಿದ. "ಮತ್ತ ನೀವ್ಯಾಕ ಬಂದ್ರಿ?"

ನನಗೆ ನಗು ಬಂತು, ಹಿಂದೆಯೇ ಅಳು ಬಂತು. ಕಂಬದ ಸಾಲಿಗೆ ನಡೆದುಬಂದು ಕೂತಿದ್ದರೂ ಬೇಗ ಸಿಗುತ್ತಿದ್ದನಲ್ಲ, ಯಾಕೆ ಕದಲಲಿಲ್ಲ ಎಂದು ಕೇಳಿದೆ. ಅಡಿವೆಪ್ಪ ಸಣ್ಣ ದನಿಯಲ್ಲಿ ಹೇಳಿದ: "ಅರಳಿದ್ರ ಹೆಂಗರ ಮಾಡಿ ಮುಟ್ಟೇ ಮುಟ್ತೀನಿ. ಅರಳದಿದ್ರ ನಡದು ಏನುಪಯೋಗ? ಅದಕ್ಕ ಕುಂತಿದ್ದೆ." ನದಾಫರು ಬೆನ್ನು ತಿರುಗಿಸಿ ಗಾಡಿಯ ಕಡೆ ನಡೆದರು.

ನಾವು ಊರು ಮುಟ್ಟಿದಾಗ ಇಳಿಹೊತ್ತು. ಓಣಿಯಲ್ಲಿ ಜನ ಸೇರಿದ್ದರು, ಆದರೆ ಯಾರೂ ಕೇಕೆ ಹಾಕಲಿಲ್ಲ. ಎಲ್ಲರೂ ಕುಂಡವನ್ನು ನೋಡುತ್ತಿದ್ದರು. ಅಡಿವೆಪ್ಪನ ಗಿಡದ ಮಣ್ಣು ಹಸಿಯಾಗಿತ್ತು. ಅವನ ಗಾಳಿ ತೀರುವ ಹೊತ್ತು ದಾಟಿದ ಮೇಲೆ ಕಾಶವ್ವ ಹೇಳಿದಂತೆಯೇ ಮಾಡಿದ್ದಳು, ಎಲ್ಲರ ಎದುರಿಗೆ. ಓಣಿಯವರು ಅವಳನ್ನು ಬಿಟ್ಟು ದೂರ ಸರಿದು ನಿಂತಿದ್ದರು. ಖಾಲಿ ತಂಬಿಗೆ ಇನ್ನೂ ಅವಳ ಕೈಯಲ್ಲಿತ್ತು.

ಅಡಿವೆಪ್ಪ ಹಸಿ ಮಣ್ಣನ್ನು ನೋಡಿದ, ಹೆಂಡತಿಯನ್ನು ನೋಡಿದ.

"ನನ್ನ ತಿಥಿ ಮಾಡಿಯೇನ?"

"ಹೂಂ, ಮಾಡೀನಿ," ಎಂದಳು ಕಾಶವ್ವ. "ಊಟಕ್ಕ ಬಾ."

ಆಮೇಲೆ ಅವಳು ಅತ್ತಳು. ಅಡಿವೆಪ್ಪ ತಂಬಿಗೆ ಇಸಿದುಕೊಂಡು ಒಳಗೆ ಹೋಗಿ ತುಂಬಿ ತಂದು, ಅದೇ ಗಿಡಕ್ಕೆ ತಾನೂ ನೀರು ಹಾಕಿದ. ಹಾಗಾದರೆ ಅದು ಯಾರ ನೀರಿಗೆ ಅರಳಿದ್ದು? ಜನ ಅಲ್ಲಿಯೇ ಎರಡು ಪಂಗಡವಾಗಿ ವಾದಕ್ಕೆ ನಿಂತರು. ಗಿಡ ಕೈ ಗುರುತು ಹಿಡಿಯುತ್ತದೆ, ಅಡಿವೆಪ್ಪನ ನೀರಿಗೇ ಅರಳಿದ್ದು ಎಂದು ಕೆಲವರು. ಕಾಶವ್ವನ ನೀರಿಗೇ ಅರಳಿದ್ದು, ಇವನು ಬಂದದ್ದು ಗಾಡಿಯಿಂದ ಎಂದು ಕೆಲವರು. ನದಾಫರನ್ನು ಕೇಳಿದರೆ ಎರಡು ಕಡೆಗೂ ಹೌದು ಎಂದು ತಲೆ ಆಡಿಸಿದರು. ಗೌಡರು ಮಾತ್ರ ಯಾರ ಕಡೆಯೂ ಸೇರಲಿಲ್ಲ. ಗಾಡಿಯ ಬಾನೆಟ್ಟಿನ ಮೇಲಿನ ಧೂಳಿನಲ್ಲಿ ಕೈ ಇಟ್ಟುಕೊಂಡು ನಿಂತಿದ್ದರು.

ಗುಂಪು ಕರಗಿದ ಮೇಲೆ ದ್ಯಾಮವ್ವ ನನ್ನ ಹತ್ತಿರ ಬಂದಳು. ಅವಳು ಯಾವ ಪಂಗಡದಲ್ಲೂ ಇರಲಿಲ್ಲ.

"ಚನ್ನವೀರಪ್ಪಾ, ನೀ ರೇಡಿಯೊದಾಂವ. ನಿನಗ ತಿಳೀತೈತಿ. ನನ್ನ ಮುದಕಪ್ಪನ ಗಿಡ ಅರಳಲಿಲ್ಲ. ಅಂವ ಬರೂದಿಲ್ಲ ಅಂತ ಅರಳಲಿಲ್ಲೋ, ನೀವು ಯಾರೂ ಹೋಗೂದಿಲ್ಲ ಅಂತ ಅರಳಲಿಲ್ಲೋ?"

ನಾನು ಅವಳ ಮುಖ ನೋಡಲಾರದೆ ಹೋದೆ. ಗಿಡ ಸುಳ್ಳು ಹೇಳುವುದಿಲ್ಲ ಎಂದರೆ ಅವಳಿಗೆ ಸಮಾಧಾನವಾಗುತ್ತಿತ್ತು. ಆ ಮಾತು ನಾಲಿಗೆಯ ತನಕ ಬಂತು. ಮುಂದೆ ಬರಲಿಲ್ಲ.

"ಗೊತ್ತಿಲ್ಲ ಯವ್ವಾ," ಎಂದೆ.

ಬೈಯುತ್ತಾಳೆ, ಎದೆ ಬಡಿದುಕೊಳ್ಳುತ್ತಾಳೆ ಎಂದು ಕಾದೆ. ಮುದುಕಿ ನನ್ನ ಮುಂಗೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ಗೊತ್ತಿಲ್ಲ ಅಂದ್ಯಲ್ಲ, ಅಷ್ಟ ಸಾಕು ನನಗ," ಎಂದಳು. "ಇಷ್ಟು ವರ್ಷ ಎಲ್ಲಾರೂ ಗೊತ್ತೈತಿ, ಗೊತ್ತೈತಿ ಅಂದ್ರು. ನಾನೂ ಹೂಂ ಅಂದು ಮಗನ ದಾರಿ ನೋಡೂದ ಬಿಟ್ಟೆ."

ಅವಳು ತನ್ನ ಹೊಸ್ತಿಲಿಗೆ ಹೋಗಿ, ಬಾಗಿಲನ್ನು ಪೂರ್ತಿ ತೆರೆದು, ಬಡಗಣ ಬಯಲಿನ ಕಡೆ ಮುಖ ಮಾಡಿ ಕೂತಳು.